ಭಾಗಿಸಬೇಕೋ, ಗುಣಿಸಬೇಕೋ?



ನಾಲ್ಕನೆಯ ತರಗತಿಯ ಮಗು ಲೆಕ್ಕದ ಪುಸ್ತಕ ಹಿಡಿದು ಬಂದು ಮೊದಲು ಕೇಳುವುದು ಇದನ್ನೇ: "ಇದು ಗುಣಿಸುವ ಲೆಕ್ಕವೋ, ಭಾಗಿಸುವ ಲೆಕ್ಕವೋ?" ಮಗ್ಗಿ ಬರುತ್ತದೆ, ಭಾಗಿಸಲೂ ಬರುತ್ತದೆ. ತೊಡಕಿರುವುದು ಯಾವುದನ್ನು ಮಾಡಬೇಕು ಎಂಬಲ್ಲಿ. ಹಿರಿಯರು ಕೂಡಲೇ "ಭಾಗಿಸು" ಎಂದುಬಿಟ್ಟರೆ ಲೆಕ್ಕದ ಮುಖ್ಯ ಕೆಲಸವನ್ನು ಅವರೇ ಮಾಡಿದಂತಾಯಿತು.

ನಮ್ಮ ಗಡಿಯೂರುಗಳಲ್ಲಿ ಹೆಸರುಗಳೂ ಹಲವು. ಕನ್ನಡದ ಭಾಗಾಕಾರ ಸೊಲ್ಲಾಪುರದ ಮರಾಠಿಯಲ್ಲೂ ಭಾಗಾಕಾರವೇ. ಕಾಸರಗೋಡಿನ ಮಲಯಾಳದಲ್ಲಿ ಅದು ಹರಣ, ತಾಳವಾಡಿಯ ತಮಿಳಿನಲ್ಲಿ ವಗುತ್ತಲ್, ಮಡಕಶಿರಾದ ತೆಲುಗಿನಲ್ಲಿ ಭಾಗಹಾರ. ಹೆಸರು ಏನೇ ಇರಲಿ, ಮನೆಮಾತಿನಲ್ಲಿ ಅದು ಎರಡು ಕೆಲಸ: ಹಂಚುವುದು, ಇಲ್ಲವೇ ಕಟ್ಟು ಕಟ್ಟುವುದು.

24 ತೆಂಗಿನಕಾಯಿಗಳನ್ನು 6 ಮನೆಗಳಿಗೆ ಸಮನಾಗಿ ಹಂಚಿದರೆ ಮನೆಗೆ 4 ಕಾಯಿ. ಅದೇ 24 ಕಾಯಿಗಳನ್ನು ಮನೆಗೆ ಆರರಂತೆ ಕೊಡುತ್ತ ಹೋದರೆ 4 ಮನೆಗಳಿಗೆ ಆಗುತ್ತದೆ. ಎರಡರಲ್ಲೂ 24ನ್ನು ಆರರಿಂದ ಭಾಗಿಸಿದ್ದೇ. ಆದರೆ ಒಂದರ ಉತ್ತರ ಕಾಯಿ, ಇನ್ನೊಂದರದು ಮನೆ. ಹಂಚುವ ಲೆಕ್ಕ ಭಾಗಾಕಾರವೆಂದು ಮಕ್ಕಳಿಗೆ ಬೇಗ ಹೊಳೆಯುತ್ತದೆ. ಕಟ್ಟು ಕಟ್ಟುವ ಲೆಕ್ಕದಲ್ಲಿ ಕೆಲವರು ಆರಾರು ಕಳೆಯುತ್ತ ಹೋಗುತ್ತಾರೆ. ಬೈಯಬೇಡಿ. ನಾಲ್ಕು ಸಲ ಕಳೆದಾಗ ಸೊನ್ನೆ ಬಂತಲ್ಲ, ಅದೂ ಭಾಗಾಕಾರವೇ.

'ತಲಾ' ಎಂಬ ಮಾತು ಕಂಡೊಡನೆ ಭಾಗಿಸು ಎಂದು ಹೇಳಿಕೊಡುವವರಿದ್ದಾರೆ. ಈ ಉಪಾಯ ನನಗೆ ಒಪ್ಪಿಗೆಯಿಲ್ಲ. "6 ಮಕ್ಕಳಿಗೆ ತಲಾ 4 ಪುಸ್ತಕ ಕೊಡಲು ಒಟ್ಟು ಎಷ್ಟು ಬೇಕು?" ಇಲ್ಲಿ ತಲಾ ಇದೆ, ಆದರೆ ಗುಣಿಸಬೇಕು. "24 ಪುಸ್ತಕಗಳನ್ನು 6 ಮಕ್ಕಳಿಗೆ ಸಮನಾಗಿ ಹಂಚಿದರೆ ತಲಾ ಎಷ್ಟು?" ಇಲ್ಲೂ ಇದೆ, ಭಾಗಿಸಬೇಕು. ಮಗುವನ್ನು ಹೀಗೆ ಕೇಳಿ: ಒಟ್ಟು ನಿನಗೆ ಗೊತ್ತಿದೆಯೋ, ಅಥವಾ ಒಟ್ಟನ್ನೇ ಕೇಳಿದ್ದಾರೋ? ಒಟ್ಟು ಗೊತ್ತಿದ್ದು ಒಂದು ಪಾಲು ಎಷ್ಟು, ಇಲ್ಲವೇ ಪಾಲುಗಳು ಎಷ್ಟು ಎಂದು ಕೇಳಿದ್ದರೆ ಭಾಗಿಸಬೇಕು. ಪಾಲುಗಳು ಸಮನಾಗಿರಬೇಕು ಅಷ್ಟೆ. ಅಣ್ಣನಿಗೆ ಹೆಚ್ಚು, ತಮ್ಮನಿಗೆ ಕಡಿಮೆ ಎಂಬಲ್ಲಿ ಬರೀ ಭಾಗಾಕಾರ ಸಾಲದು.

ಶೇಷ ಉಳಿದಾಗ ಇನ್ನೊಂದು ಫಜೀತಿ. 1980ರ ದಶಕದ ಮೊದಲಲ್ಲಿ ಅಮೆರಿಕದ ಒಂದು ರಾಷ್ಟ್ರೀಯ ಸಮೀಕ್ಷೆಯಲ್ಲಿ 13 ವರ್ಷದ ಮಕ್ಕಳಿಗೆ ಒಂದು ಲೆಕ್ಕ ಕೊಟ್ಟರು. ಬಸ್ಸಿಗೆ 36 ಮಂದಿಯಂತೆ 1128 ಸೈನಿಕರಿಗೆ ಎಷ್ಟು ಬಸ್ಸು ಬೇಕು? ನೂರಕ್ಕೆ ಸುಮಾರು 70 ಮಕ್ಕಳು ಸರಿಯಾಗಿಯೇ ಭಾಗಿಸಿದರು: ಭಾಗಲಬ್ಧ 31, ಶೇಷ 12. ಆದರೆ 32 ಬಸ್ಸು ಎಂದವರು 23 ಮಂದಿ. 29 ಮಂದಿ "31, ಶೇಷ 12" ಎಂದೇ ಬರೆದಿಟ್ಟರು. ಶೇಷವಿರುವ ಬಸ್ಸು ಎಲ್ಲಿಂದ ತರುವುದು? ಹನ್ನೆರಡು ಜನರನ್ನು ರಸ್ತೆಯಲ್ಲೇ ಬಿಡಲಾದೀತೇ? ಅದೇ 38 ರೂಪಾಯಿಗೆ 5 ರೂಪಾಯಿಯ ಪೆನ್ನು ಕೊಳ್ಳುವುದಾದರೆ 7 ಪೆನ್ನು. ಉಳಿದ 3 ರೂಪಾಯಿ ಜೇಬಿಗೆ. ಅಲ್ಲಿ ಒಂದು ಕೂಡಿಸಬೇಕು, ಇಲ್ಲಿ ಬಿಡಬೇಕು.

ಇಂದು ರಾತ್ರಿ ಮಕ್ಕಳಿಗೆ ಈ ಲೆಕ್ಕ ಕೊಟ್ಟು ನೋಡಿ: 3 ಲೀಟರ್ ಹಾಲನ್ನು 12 ಮಂದಿಗೆ ಸಮನಾಗಿ ಕೊಟ್ಟರೆ ತಲಾ ಎಷ್ಟು? ದೊಡ್ಡದನ್ನು ಚಿಕ್ಕದರಿಂದಲೇ ಭಾಗಿಸುವ ಅಭ್ಯಾಸದಿಂದ "4 ಲೀಟರ್" ಎನ್ನುವವರು ಸಿಕ್ಕೇ ಸಿಗುತ್ತಾರೆ. ತಪ್ಪೆನ್ನಬೇಡಿ. ಪಾತ್ರೆಯಲ್ಲಿ ಇದ್ದದ್ದೇ ಎಷ್ಟಪ್ಪಾ ಎಂದು ಕೇಳಿ, ಸುಮ್ಮನಿರಿ. ಕಾಲು ಲೀಟರ್ ಎಂದು ಅವರೇ ಹೇಳಲಿ.