ಮಂಚಿಕೇರಿಯ ರೇಡಿಯೋ, ಪ್ಯಾರಿಸಿನ ಗುಬ್ಬಚ್ಚಿ

ಕ್ಯಾಬರೆ ಅಂದೊಡನೆ ನಿಮಗೇನು ನೆನಪಾಗುತ್ತದೆ? ಖಳನಾಯಕನ ಅಡ್ಡೆ, ಬಣ್ಣದ ದೀಪ, ಮಿಂಚುವ ಉಡುಪು, ಕೈಯಲ್ಲೊಂದು ಗ್ಲಾಸು... ಅಷ್ಟೇ ತಾನೆ? ಮಂಚಿಕೇರಿಯ ನಮ್ಮನೆಯಲ್ಲೂ ಅಷ್ಟೇ ಗೊತ್ತಿತ್ತು.

‘ಪರೋಪಕಾರಿ’ (೧೯೭೦) ಚಿತ್ರಕ್ಕೆ ಉಪೇಂದ್ರ ಕುಮಾರ್ ಸಂಗೀತದಲ್ಲಿ ಎಲ್.ಆರ್. ಈಶ್ವರಿ ಹಾಡಿದ್ದು ರೇಡಿಯೋದಲ್ಲಿ ಬಂತೆಂದರೆ ನಾನು ಅಡಿಕೆ ಸುಲಿಯುವ ಕೆಲಸ ಮರೆತು ಕೂತುಬಿಡುತ್ತಿದ್ದೆ. ಜಗಲಿಯಿಂದ ಅಪ್ಪಯ್ಯ ಗದರುತ್ತಿದ್ದ: “ತಮಾ, ಆ ಕ್ಯಾಬರೆ ಹಾಡು ಬಂದ್ ಮಾಡಾ!”

ಬಂದ್ ಮಾಡುತ್ತಿದ್ದೆ. ಆದರೆ ಆ ದನಿ ಬಂದ್ ಆಗಬೇಕಲ್ಲ!

ಕ್ಯಾಬರೆಯ ತವರು ಪ್ಯಾರಿಸ್ಸಿನ ಕಥೆ ಓದಿದ್ದು ಎಷ್ಟೋ ವರ್ಷದ ಮೇಲೆ. ಅಲ್ಲಿ ಎಡಿತ್ ಪಿಯಾಫ್ ಎಂಬಾಕೆ ಇದ್ದಳು. ಹುಟ್ಟಿದ್ದು ೧೯೧೫. ಬೀದಿಯಲ್ಲಿ ಹಾಡಿ ಹೊಟ್ಟೆ ಹೊರೆಯುತ್ತಿದ್ದವಳನ್ನು ೧೯೩೫ರಲ್ಲಿ ಲೂಯಿ ಲೆಪ್ಲೆ ಎಂಬಾತ ತನ್ನ ಕ್ಯಾಬರೆಗೆ ಕರೆತಂದ. ‘ಪಿಯಾಫ್’ ಎಂದು ಹೆಸರಿಟ್ಟವನೂ ಅವನೇ. ಪ್ಯಾರಿಸಿನ ಆಡುಮಾತಿನಲ್ಲಿ ಹಾಗೆಂದರೆ ಗುಬ್ಬಚ್ಚಿ!

ಐದಡಿಯೂ ಇಲ್ಲದ ಹೆಂಗಸು. ಮೈಮೇಲೊಂದು ಸಾದಾ ಕರಿ ಉಡುಪು. ಕುಣಿತವಿಲ್ಲ, ಥಳಕಿಲ್ಲ. ನಿಂತಲ್ಲೇ ನಿಂತು ಹಾಡುವಳು, ಅಷ್ಟೇ. ಮಹಾಯುದ್ಧ ಮುಗಿದ ಎರಡೇ ವರ್ಷಕ್ಕೆ, ೧೯೪೭ರಲ್ಲಿ ಬಂದ ‘ಲಾ ವಿ ಆನ್ ರೋಜ್’ ಹಾಡಿನ ಮಾತುಗಳನ್ನು ಬರೆದವಳೂ ಅವಳೇ.

೧೯೪೯ರ ಅಕ್ಟೋಬರಿನಲ್ಲಿ ಅವಳ ಪ್ರಿಯಕರ, ಬಾಕ್ಸರ್ ಮಾರ್ಸೆಲ್ ಸೆರ್ದಾನ್, ಅವಳನ್ನು ಕಾಣಲೆಂದು ನ್ಯೂಯಾರ್ಕಿಗೆ ಹೊರಟವನು ವಿಮಾನಾಪಘಾತದಲ್ಲಿ ತೀರಿಕೊಂಡ. ಸುದ್ದಿ ಬಂದ ರಾತ್ರಿಯೂ ಅವಳು ವೇದಿಕೆ ಹತ್ತಿದಳು. ಹಾಡಿದಳು!

೧೯೬೩ರಲ್ಲಿ ಸತ್ತಾಗ ವಯಸ್ಸು ಬರೀ ೪೭. ಅವಳ ಬಾಳುವೆ ಸರಿಯಿರಲಿಲ್ಲವೆಂದು ಚರ್ಚಿನ ದೊಡ್ಡವರು ಅಂತ್ಯದ ಪೂಜೆಗೆ ಒಪ್ಪಲಿಲ್ಲ. ಬೀದಿಗಳಲ್ಲಿ ಮಾತ್ರ ಜನಸಾಗರ. ಆ ಪೂಜೆ ಸಂದದ್ದು ಐವತ್ತು ವರ್ಷದ ನಂತರ, ೨೦೧೩ರಲ್ಲಿ.

ಅದನ್ನು ಓದಿದಾಗ ನನಗೆ ನಮ್ಮನೆ ಜಗಲಿ ನೆನಪಾಯಿತು.

ಅಪ್ಪಯ್ಯ ಒಮ್ಮೆ ಬೆಂಗಳೂರಿಗೆ ನನ್ನ ಮನೆಗೆ ಬಂದಿದ್ದ. ಬೀದಿಯ ಅಮ್ಮನ ಗುಡಿಯ ಮೈಕಿನಲ್ಲಿ ತಮಿಳು ಭಕ್ತಿಗೀತೆ. ಮಾತು ತಿಳಿಯದಿದ್ದರೂ ಕಣ್ಣು ಮುಚ್ಚಿ ಕೇಳುತ್ತಿದ್ದ.

“ಎಂಥಾ ಭಕ್ತಿ! ಯಾರಾ ಹಾಡಿದ್ದು?”

“ಎಲ್.ಆರ್. ಈಶ್ವರಿ, ಅಪ್ಪಯ್ಯ. ನೀನು ಬಂದ್ ಮಾಡಿಸ್ತಿದ್ದ ಕ್ಯಾಬರೆ ಹಾಡಿನ ಈಶ್ವರಿ.”

ಅಪ್ಪಯ್ಯ ಮಾತಾಡಲಿಲ್ಲ. ಆದರೆ ಹಾಡು ಮುಗಿಯುವ ತನಕ ಅಲ್ಲಿಂದ ಏಳಲೂ ಇಲ್ಲ.