ಐದು ಪಾಲಾದ ಸೋಮಾಲಿ ನಾಡು

ಆಫ್ರಿಕಾ ಖಂಡದ ಪೂರ್ವದಲ್ಲಿ, ಕೆಂಪು ಸಮುದ್ರದ ದ್ವಾರದಿಂದ ಮೊದಲ್ಗೊಂಡು ಹಿಂದೂ ಮಹಾಸಾಗರದ ತೀರದುದ್ದಕ್ಕೂ ಹಬ್ಬಿರುವ ಒಣ ಬಯಲುಗಳಲ್ಲಿ, ಒಂಟೆ ಕುರಿಗಳ ಮಂದೆಗಳನ್ನು ನಡೆಸಿಕೊಂಡು ಮಳೆ ಬಿದ್ದತ್ತ ಸಂಚರಿಸುತ್ತ, ಒಂದೇ ಭಾಷೆಯನ್ನಾಡುತ್ತ, ಇಸ್ಲಾಂ ಮತವನ್ನು ಅವಲಂಬಿಸಿ ಬಾಳಿಕೊಂಡು ಬಂದ ಸೋಮಾಲಿ ಜನಾಂಗವು, ಹತ್ತೊಂಬತ್ತನೆಯ ಶತಮಾನವು ಮುಗಿಯುವಷ್ಟರಲ್ಲಿ ಐದು ಆಡಳಿತಗಳ ಪಾಲಾಗಿ ಹೋಗಿದ್ದಿತು. ಏಡನ್ನಿನ ತನ್ನ ಠಾಣ್ಯಕ್ಕೆ ಮಾಂಸ ಪೂರೈಕೆಯಾಗಬೇಕೆಂದು ಬ್ರಿಟನ್ ಉತ್ತರದ ಕರಾವಳಿಯನ್ನು ಹಿಡಿಯಿತು. ಹಡಗುಗಳಿಗೆ ಕಲ್ಲಿದ್ದಲು ತುಂಬಿಸಿಕೊಳ್ಳಲು ಫ್ರಾನ್ಸ್ ಜಿಬೂಟಿಯಲ್ಲಿ ನೆಲೆಯೂರಿತು. ದಕ್ಷಿಣದ ತೀರವು ಇಟಲಿಯ ವಶವಾಯಿತು. ಪಶ್ಚಿಮದ ಒಗಾಡೆನ್ ಪ್ರದೇಶಕ್ಕೆ ಇಥಿಯೋಪಿಯದ ಚಕ್ರವರ್ತಿ ಮೆನೆಲಿಕ್ ತನ್ನ ರಾಜ್ಯವನ್ನು ವಿಸ್ತರಿಸಿದನು. ಉಳಿದ ಭಾಗವು ಕೆನ್ಯದ ಉತ್ತರ ಗಡಿ ಜಿಲ್ಲೆಯೆಂಬ ಹೆಸರಿನಲ್ಲಿ ಮತ್ತೆ ಬ್ರಿಟಿಷರಿಗೇ ಸೇರಿತು. ಈ ವಿಭಾಗದಲ್ಲಿ ಐರೋಪ್ಯರ ಜೊತೆಗೆ ಆಫ್ರಿಕಾದ ಅರಸನೊಬ್ಬನೂ ಪಾಲುದಾರನಾಗಿದ್ದನೆಂಬುದನ್ನು ಮರೆಯಲಾಗದು. ಮುಂದಿನ ದುಃಖದ ಬಹುಭಾಗಕ್ಕೆ ಬೀಜ ಬಿದ್ದುದು ಅಲ್ಲಿಯೇ.

ಈ ಗೆರೆಗಳಲ್ಲೆಲ್ಲ ಅತ್ಯಂತ ನೋವಿನದು ಹೌದ್ ಎಂಬ ಹುಲ್ಲುಗಾವಲಿನ ಕಥೆ. 1884ರಿಂದ 1886ರವರೆಗೆ ಉತ್ತರದ ಸೋಮಾಲಿ ಕುಲಗಳ ಹಿರಿಯರೊಡನೆ ಬ್ರಿಟನ್ ಒಪ್ಪಂದಗಳನ್ನು ಮಾಡಿಕೊಂಡಿತು: ಕುಲಗಳು ತಮ್ಮ ನೆಲವನ್ನು ಬ್ರಿಟಿಷರಿಗಲ್ಲದೆ ಅನ್ಯರಿಗೆ ಬಿಟ್ಟುಕೊಡಬಾರದು, ಬ್ರಿಟಿಷರು ಆ ಕುಲಗಳಿಗೆ ರಕ್ಷಣೆ ನೀಡಬೇಕು. ಮಾತುಕೊಟ್ಟ ಹಿರಿಯರು ಅದನ್ನು ಉಳಿಸಿಕೊಂಡರು. ಆದರೆ 1897ರಲ್ಲಿ, ಮೆನೆಲಿಕ್‌ನ ಸ್ನೇಹವು ಅಗತ್ಯವೆಂದು ತೋರಿದಾಗ, ಬ್ರಿಟನ್ ಅವನೊಡನೆ ಸಂಧಿ ಮಾಡಿಕೊಂಡು, ಕುಲದವರೊಬ್ಬರನ್ನೂ ವಿಚಾರಿಸದೆ, ಅವರ ಮಂದೆಗಳು ವರ್ಷವರ್ಷವೂ ಮಳೆಗಾಲದಲ್ಲಿ ಮೇಯುತ್ತಿದ್ದ ಹೌದಿನ ಬಹುಭಾಗವನ್ನು ಗೆರೆಯಾಚೆಗೆ ಬಿಟ್ಟುಕೊಟ್ಟಿತು. ಎರಡೂ ಕಡೆಯವರು ಹುಲ್ಲುಗಾವಲನ್ನೂ ಬಾವಿಗಳನ್ನೂ ಬಳಸಬಹುದೆಂಬ ಒಂದು ಮಾತು ಸಂಧಿಪತ್ರದಲ್ಲಿದ್ದುದರಿಂದಲೂ, ಎರಡನೆಯ ಮಹಾಯುದ್ಧದ ಕಾಲದಿಂದ ಆ ಪ್ರದೇಶವು ಬ್ರಿಟಿಷರ ಆಡಳಿತದಲ್ಲಿಯೇ ಉಳಿದುದರಿಂದಲೂ, ಜನರು ಆ ಗೆರೆಯ ನಿಜವಾದ ಅರ್ಥವನ್ನು ಕಂಡುಕೊಂಡುದು ಬಹಳ ತಡವಾಗಿ. 1954ರ ಇನ್ನೊಂದು ಒಪ್ಪಂದದಂತೆ ಹೌದ್ ಇಥಿಯೋಪಿಯಕ್ಕೆ ಹಸ್ತಾಂತರವಾದಾಗ ನಾಡಿಗೆ ನಾಡೇ ತಲ್ಲಣಿಸಿತು. ಸೋಮಾಲಿ ಪ್ರತಿನಿಧಿಗಳು ಲಂಡನ್ನಿಗೆ ಹೋಗಿ ತಮ್ಮ ಹಿರಿಯರೊಡನೆ ಆದ ಹಳೆಯ ಒಪ್ಪಂದಗಳನ್ನು ನೆನಪಿಸಿದರು. ಫಲ ದೊರೆಯಲಿಲ್ಲ.

ಗಡಿಯನ್ನು ಕದಲಿಸಲಾಗದೆಂಬುದು ಇದಕ್ಕೆ ಕಾರಣವಾಗಿರಲಿಲ್ಲ. ಮೊದಲನೆಯ ಮಹಾಯುದ್ಧದಲ್ಲಿ ತಮ್ಮ ಪಕ್ಷವಹಿಸಿದ ಇಟಲಿಗೆ ಪ್ರತಿಫಲವಾಗಿ, ಕೆನ್ಯಕ್ಕೆ ಸೇರಿದ್ದ ಜುಬಾಲ್ಯಾಂಡ್ ಪ್ರಾಂತವನ್ನು 1925ರಲ್ಲಿ ಬ್ರಿಟಿಷರೇ ಬಿಟ್ಟುಕೊಟ್ಟಿದ್ದರು. ಯುರೋಪಿಗೆ ಬೇಕಾದಾಗ ಕದಲಿದ ಗೆರೆಯು ನೆಲದ ಮಕ್ಕಳು ಬೇಡಿದಾಗ ಮಾತ್ರ ಕಲ್ಲಾಯಿತು.

1960ರ ಜೂನ್ 26ರಂದು ಬ್ರಿಟಿಷ್ ಸೋಮಾಲಿಲ್ಯಾಂಡ್ ಸ್ವತಂತ್ರವಾಯಿತು. ಜುಲೈ 1ರಂದು ದಕ್ಷಿಣದ ಇಟಾಲಿಯನ್ ಭಾಗವೂ ಸ್ವತಂತ್ರವಾಗಿ, ಎರಡೂ ಕೂಡಿ ಸೋಮಾಲಿ ಗಣರಾಜ್ಯವು ಹುಟ್ಟಿತು. ನೀಲಿ ಧ್ವಜದ ಮೇಲಿನ ಬಿಳಿಯ ನಕ್ಷತ್ರದ ಐದು ಮೊನೆಗಳು ಐದು ಭಾಗಗಳಿಗೂ ಸಂಕೇತವಾಗಿದ್ದವು. ಇನ್ನೂ ಹೊರಗುಳಿದ ಮೂರರಲ್ಲಿ ಕೆನ್ಯದ ಉತ್ತರ ಗಡಿ ಜಿಲ್ಲೆಯ ಪ್ರಶ್ನೆಯು ಆಗ ತೆರೆದೇ ಇದ್ದಿತು, ಏಕೆಂದರೆ ಕೆನ್ಯಕ್ಕೆ ಸ್ವಾತಂತ್ರ್ಯ ಬಂದಿರಲಿಲ್ಲ. 1962ರಲ್ಲಿ ಬ್ರಿಟಿಷ್ ಸರ್ಕಾರವು ಆಯೋಗವೊಂದನ್ನು ನೇಮಿಸಿ ಜನಾಭಿಪ್ರಾಯವನ್ನು ಕೇಳಿತು. ಅಲ್ಲಿಯ ಸೋಮಾಲಿಗಳು ಬಹುತೇಕ ಒಕ್ಕೊರಲಿನಿಂದ ಕೆನ್ಯದಿಂದ ಬೇರೆಯಾಗಿ ಸೋಮಾಲಿಯವನ್ನು ಸೇರಬಯಸುತ್ತಾರೆಂದು ಆಯೋಗವು ವರದಿ ಮಾಡಿತು. ಹಾಗಿದ್ದೂ 1963ರ ಮಾರ್ಚ್ ತಿಂಗಳಿನಲ್ಲಿ ಆ ಜಿಲ್ಲೆಯು ಕೆನ್ಯದೊಳಗೇ ಉಳಿಯುವುದೆಂದು ಸರ್ಕಾರವು ಪ್ರಕಟಿಸಿತು. ಕೇಳದೆ ಗೆರೆಯೆಳೆದವರ ಅಪರಾಧಕ್ಕಿಂತ, ಕೇಳಿ, ಉತ್ತರವನ್ನು ಬರೆದುಕೊಂಡು, ಆಮೇಲೆ ಅದನ್ನು ಬದಿಗಿಟ್ಟವರ ಅಪರಾಧವು ದೊಡ್ಡದೆಂದು ನಾನು ಭಾವಿಸುತ್ತೇನೆ. ಸೋಮಾಲಿಯವು ಬ್ರಿಟನ್ನಿನೊಡನೆ ರಾಜತಾಂತ್ರಿಕ ಸಂಬಂಧವನ್ನು ಕಡಿದುಕೊಂಡಿತು. ಗಡಿ ಜಿಲ್ಲೆಯಲ್ಲಿ ಬಂಡಾಯವೆದ್ದಿತು. ಅಲ್ಲಿ ಹೇರಲಾದ ತುರ್ತು ಆಡಳಿತದ ಕಾನೂನುಗಳು 1991ರವರೆಗೂ ಪೂರ್ಣವಾಗಿ ತೆರವಾಗಲಿಲ್ಲ.

ಇಷ್ಟರಲ್ಲಿ ಸ್ವತಂತ್ರ ಆಫ್ರಿಕಾದ ನಾಯಕರೂ ತಮ್ಮ ನಿಲುವನ್ನು ಬದಲಿಸಿದ್ದರು. 1958ರಲ್ಲಿ ಅಕ್ರಾ ನಗರದಲ್ಲಿ ಸೇರಿದ ಆಫ್ರಿಕಾ ಜನತೆಗಳ ಸಮ್ಮೇಳನವು ಸಾಮ್ರಾಜ್ಯಶಾಹಿಯ ಕೃತಕ ಗಡಿಗಳನ್ನು ಖಂಡಿಸಿದ್ದಿತು. 1964ರ ಜುಲೈನಲ್ಲಿ ಕೈರೋದಲ್ಲಿ ಸೇರಿದ ಆಫ್ರಿಕಾ ಏಕತಾ ಸಂಘಟನೆಯು, ಸ್ವಾತಂತ್ರ್ಯದ ದಿನ ಇದ್ದ ಗಡಿಗಳನ್ನು ಎಲ್ಲ ಸದಸ್ಯರೂ ಗೌರವಿಸತಕ್ಕದ್ದೆಂದು ನಿರ್ಣಯಿಸಿತು. ಸೋಮಾಲಿಯವೂ ಮೊರಾಕೋವೂ ಇದಕ್ಕೆ ಒಪ್ಪಲಿಲ್ಲ. ಆ ನಾಯಕರ ಭಯವು ನಿರಾಧಾರವಾಗಿತ್ತೆಂದು ಹೇಳಲಾರೆ. ಕಾಂಗೋ ದೇಶದಿಂದ ಕಟಂಗ ಪ್ರಾಂತವು ಸಿಡಿದುಹೋಗಲು ಯತ್ನಿಸಿ ರಕ್ತ ಹರಿದುದನ್ನು ಅವರು ಕಣ್ಣಾರೆ ಕಂಡಿದ್ದರು. ಬಹುಭಾಷೆಗಳ, ಬಹುಕುಲಗಳ ಅವರ ರಾಜ್ಯಗಳಲ್ಲಿ ಒಂದು ಗೆರೆಯನ್ನು ಅಳಿಸಿದರೆ ಯಾವ ಗೆರೆಯೂ ನಿಲ್ಲದೆಂಬ ಅವರ ತರ್ಕದಲ್ಲಿ ಸತ್ಯವಿದ್ದಿತು. ಆದರೆ ಗಡಿಯನ್ನು ಉಳಿಸಿಕೊಂಡವರು ಗಡಿಯಲ್ಲಿ ಬಾಳುವವರ ಹುಲ್ಲು, ನೀರು, ಬಂಧುತ್ವಗಳಿಗೆ ಯಾವ ಭದ್ರತೆಯನ್ನೂ ಕಲ್ಪಿಸಲಿಲ್ಲ.

ಮುಚ್ಚಿದ ಬಾಗಿಲನ್ನು ಸೋಮಾಲಿಯದ ಸೈನಿಕ ಅಧಿಪತಿ ಸಿಯಾದ್ ಬರ್ರೆ ಬಲದಿಂದ ತೆರೆಯಹೋದನು. 1977ರಲ್ಲಿ ಅವನ ಸೇನೆಯು ಒಗಾಡೆನ್ನಿಗೆ ನುಗ್ಗಿತು. ಆವರೆಗೆ ಅವನಿಗೆ ಶಸ್ತ್ರ ನೀಡುತ್ತಿದ್ದ ಸೋವಿಯತ್ ಒಕ್ಕೂಟವು ಇಥಿಯೋಪಿಯದ ಪಕ್ಷಕ್ಕೆ ತಿರುಗಿತು, ಕ್ಯೂಬದ ಸೈನಿಕರು ಬಂದಿಳಿದರು, 1978ರ ಮಾರ್ಚ್ ವೇಳೆಗೆ ಸೋಮಾಲಿ ಸೇನೆಯು ಹಿಮ್ಮೆಟ್ಟಿತು. ಲಕ್ಷಗಟ್ಟಲೆ ನಿರಾಶ್ರಿತರು ಸೋಮಾಲಿಯಕ್ಕೆ ಹರಿದುಬಂದರು. ಸೋಲಿನ ಕಹಿಯು ಒಳಗೊಳಗೇ ಕುಲದ್ವೇಷವಾಗಿ ಹುಳಿಯಿತು. ಭಾಷೆಯೂ ಮತವೂ ಒಂದಾದ ಜನಕ್ಕೆ ರಾಷ್ಟ್ರವು ತಾನಾಗಿಯೇ ಕೂಡಿಬರುವುದೆಂಬ ನಂಬಿಕೆಯು ಇಲ್ಲಿ ಮುರಿದುಬಿದ್ದಿತು. ಉತ್ತರದ ಇಸಾಕ್ ಕುಲದವರ ಬಂಡಾಯವನ್ನಡಗಿಸಲು 1988ರಲ್ಲಿ ಹರ್ಗೇಸಾ ನಗರದ ಮೇಲೆ ಬಾಂಬು ಸುರಿದ ವಿಮಾನಗಳು ಅದೇ ನಗರದ ವಿಮಾನನಿಲ್ದಾಣದಿಂದ ಮೇಲೆದ್ದವು. 1991ರ ಜನವರಿಯಲ್ಲಿ ಬರ್ರೆ ರಾಜಧಾನಿಯನ್ನು ಬಿಟ್ಟೋಡಿದನು. ಮೇ 18ರಂದು ಉತ್ತರದವರು 1960ರ ಒಕ್ಕೂಟದಿಂದ ಹೊರಬಂದು ಸೋಮಾಲಿಲ್ಯಾಂಡನ್ನು ಘೋಷಿಸಿದರು.

ಅವರು ಮುಂದಿಡುವ ವಾದವಾದರೋ, ತಾವು ಹೊಸ ಗಡಿಯನ್ನು ಕೇಳುತ್ತಿಲ್ಲ, 1960ರ ಜೂನ್ 26ರಂದು ಇದ್ದ ಬ್ರಿಟಿಷರ ಗಡಿಗೇ ಮರಳುತ್ತಿದ್ದೇವೆ, ಆದುದರಿಂದ ಕೈರೋ ನಿರ್ಣಯಕ್ಕೆ ಇದರಿಂದ ಭಂಗವಿಲ್ಲ ಎಂಬುದು. 2005ರಲ್ಲಿ ಅಲ್ಲಿಗೆ ಹೋದ ಆಫ್ರಿಕಾ ಒಕ್ಕೂಟದ ನಿಯೋಗವೂ ಇದೊಂದು ವಿಶಿಷ್ಟ ಪ್ರಕರಣವೆಂದು ವರದಿ ಮಾಡಿತು. ಅದರ ಮೇಲೆ ಒಕ್ಕೂಟವು ನಿರ್ಣಯ ಕೈಗೊಳ್ಳದೆ ವರ್ಷಗಳನ್ನು ಕಳೆಯಿತು. ಆದರೆ ಅದೇ ಗಡಿಯೊಳಗಣ ಪೂರ್ವಭಾಗದಲ್ಲಿ, ಲಾಸ್ ಆನೋದ್ ಪಟ್ಟಣದ ಸುತ್ತಣ ಕುಲಗಳು, ಹರ್ಗೇಸಾದ ಆಳ್ವಿಕೆ ತಮಗೆ ಬೇಡವೆಂದು 2023ರಲ್ಲಿ ಶಸ್ತ್ರ ಹಿಡಿದವು. ಹರ್ಗೇಸಾದವರ ಮನವಿಯನ್ನು ಅವರ ಸಮ್ಮತಿಯ ಆಧಾರದ ಮೇಲೆ ಮನ್ನಿಸುವವರು ಲಾಸ್ ಆನೋದಿನವರ ನಿರಾಕರಣೆಯನ್ನೂ ಅದೇ ಆಧಾರದ ಮೇಲೆ ಆಲಿಸಬೇಕು. ಬ್ರಿಟಿಷರು ಗೆರೆಯೆಳೆದರೆಂಬುದು ಇಬ್ಬರ ವಿಷಯದಲ್ಲಿಯೂ ಸಾಕಾದ ಉತ್ತರವಲ್ಲ.