ಬೈಲು, ಬೆಟ್ಟು, ಅಳಿವೆ: ಪುಸ್ತಕಗಳಲ್ಲಿ ಮಂಗಳೂರು

ಮಂಗಳೂರಿನ ಇತಿಹಾಸ ಬೇಕೆಂದು ಕೈಗೆತ್ತಿಕೊಂಡ ಪುಸ್ತಕಗಳಲ್ಲಿ ಹೆಚ್ಚಿನವು ಅರಸರಿಂದಲೇ ಶುರುವಾಗುತ್ತವೆ. ಆಳುಪರು, ವಿಜಯನಗರದವರು, ಬಂಗರು, ಚೌಟರು, ಕೆಳದಿಯ ನಾಯಕರು, ಹೈದರ್ ಮತ್ತು ಟಿಪ್ಪು, ಕಡೆಗೆ ಕಂಪನಿ ಸರ್ಕಾರ. ಪಟ್ಟಿ ಸರಿಯಾಗಿಯೇ ಇದೆ. ಆದರೆ ಈ ಊರನ್ನು ಊರಾಗಿಸಿದ್ದು ಎರಡು ಹೊಳೆಗಳು, ಅವು ಕಡಲು ಸೇರುವ ಅಳಿವೆ, ಅದರ ಬೆನ್ನಿಗಿರುವ ಮುರಕಲ್ಲಿನ ಗುಡ್ಡಗಳು, ಗುಡ್ಡಗಳ ನಡುವೆ ಸಿಕ್ಕಷ್ಟು ಜಾಗದಲ್ಲಿ ಎದ್ದ ಗದ್ದೆಗಳು. ದಕ್ಷಿಣದಿಂದ ನೇತ್ರಾವತಿ, ಉತ್ತರದಿಂದ ಗುರುಪುರ ಹೊಳೆ ಎಂದು ಕರೆಸಿಕೊಳ್ಳುವ ಫಲ್ಗುಣಿ. ಎರಡೂ ಬೆಂಗ್ರೆಯ ಮರಳ ದಂಡೆಯ ಬಳಿ ಕೂಡುತ್ತವೆ. ಅರಸರ ಜೊತೆಗೆ ಈ ನೆಲವನ್ನೂ ನೀರನ್ನೂ ಕಂಡ ಪುಸ್ತಕಗಳೇ ನನಗೆ ಮಂಗಳೂರನ್ನು ಮನಗಾಣಿಸಿದವು.

ಇಟಲಿಯ ಪ್ರವಾಸಿ ಪಿಯೆತ್ರೊ ದೆಲ್ಲಾ ವಾಲೆ 1623ರಲ್ಲಿ ಪೋರ್ಚುಗೀಸ್ ರಾಯಭಾರಿಯೊಂದಿಗೆ ಇಕ್ಕೇರಿಯ ವೆಂಕಟಪ್ಪ ನಾಯಕನಲ್ಲಿಗೆ ಹೋಗಿದ್ದವನು ಅಲ್ಲಿಂದ ಮಂಗಳೂರಿಗೆ ಇಳಿದ. ಉಳ್ಳಾಲದ ರಾಣಿಯನ್ನು ನೋಡಲೇಬೇಕೆಂಬ ಹಟ ಅವನಿಗೆ. ಮಣೇಲಿನಲ್ಲಿ ಆಕೆ ದಾರಿಯಲ್ಲೇ ಎದುರಾದಳು. ಬರಿಗಾಲು, ಸಾದಾ ಬಟ್ಟೆ, ನೆರಳಿಗೆ ತಾಳೆಗರಿಯ ಕೊಡೆ. ತಾನು ತೋಡಿಸುತ್ತಿದ್ದ ಕಾಲುವೆಗಳ ಕೆಲಸ ನೋಡಲು ನಡೆದೇ ಹೊರಟಿದ್ದಳು. ನಮ್ಮ ನಾಟಕಗಳಲ್ಲಿ, ಪ್ರತಿಮೆಗಳಲ್ಲಿ ಉಳ್ಳಾಲದ ರಾಣಿ ಯಾವಾಗಲೂ ಕತ್ತಿ ಹಿಡಿದಿರುತ್ತಾಳೆ. ಅದು ಸುಳ್ಳಲ್ಲ. ಆದರೆ ಕಣ್ಣಾರೆ ಕಂಡವನ ಬರಹದಲ್ಲಿ ಆಕೆ ಅಗೆತದ ಕೆಲಸಕ್ಕೆ ನಿಂತ ಯಜಮಾನಿ. ಕರಾವಳಿಯ ಅರಸೊತ್ತಿಗೆ ಹೇಗಿತ್ತೆಂದು ಕೇಳುವವರಿಗೆ ನಾನು ಮೊದಲು ತೋರಿಸುವುದು ಈ ಪುಟಗಳನ್ನೇ.

ಅವನ ನಂತರ ಹತ್ತಿರ ಹತ್ತಿರ 180 ವರ್ಷಕ್ಕೆ ಬಂದವನು ಫ್ರಾನ್ಸಿಸ್ ಬುಕಾನನ್. ಟಿಪ್ಪುವಿನ ಪತನವಾದ ಮೇಲೆ ಕೈಗೆ ಬಂದ ಸೀಮೆಯನ್ನು ನೋಡಿ ಬರೆದುಕೊಂಡು ಬಾ ಎಂದು ಗವರ್ನರ್ ಜನರಲ್ ವೆಲ್ಲೆಸ್ಲಿ ಕಳಿಸಿದ ವೈದ್ಯ, ಸಸ್ಯಶಾಸ್ತ್ರಜ್ಞ. 1800-01ರಲ್ಲಿ ಮೈಸೂರು, ಮಲಬಾರ್, ಕೆನರಾ ಸುತ್ತಿದ. ಬರೆದದ್ದು 1807ರಲ್ಲಿ ಲಂಡನ್ನಿನಲ್ಲಿ ಮೂರು ಸಂಪುಟಗಳಾಗಿ ಅಚ್ಚಾಯಿತು. ಮುರಕಲ್ಲಿಗೆ ‘ಲ್ಯಾಟರೈಟ್’ ಎಂಬ ಹೆಸರನ್ನು ಭೂವಿಜ್ಞಾನಕ್ಕೆ ಕೊಟ್ಟದ್ದು ಇದೇ ಪುಸ್ತಕ. ಅವನು ಅದನ್ನು ಗುರುತಿಸಿದ್ದು ಮಲಬಾರಿನ ಅಂಗಾಡಿಪುರಂನಲ್ಲಿ. ನಮ್ಮ ಗುಡ್ಡಗಳದ್ದೂ ಅದೇ ಕಲ್ಲು: ನೆಲದೊಳಗಿರುವಾಗ ಕಡಿಯಲು ಮೆದು, ಮೇಲೆ ತೆಗೆದು ಗಾಳಿಗಿಟ್ಟರೆ ಗಟ್ಟಿ.

ಈ ಕಲ್ಲನ್ನು ಅರ್ಥಮಾಡಿಕೊಳ್ಳದೆ ಇಲ್ಲಿನ ಬೇಸಾಯ ಅರ್ಥವಾಗುವುದಿಲ್ಲ. ಮುರಕಲ್ಲಿನ ಮೈತುಂಬ ತೂತು. ಆಟಿ ತಿಂಗಳ ಮಳೆ ಗುಡ್ಡದ ನೆತ್ತಿಯಲ್ಲಿ ನಿಲ್ಲದೆ ಒಳಗಿಳಿದು, ಬುಡದಲ್ಲಿ ಒರತೆಯಾಗಿ ಜಿನುಗುತ್ತದೆ. ಹಾಗಾಗಿ ಎಲ್ಲಕ್ಕಿಂತ ತಗ್ಗಿನ ಬೈಲು ಗದ್ದೆಯಲ್ಲಿ ನೀರು ಬೇಸಿಗೆಯವರೆಗೂ ಇರುತ್ತದೆ. ಏಣೆಲು, ಸುಗ್ಗಿ, ಕೊಳಕೆ ಎಂದು ಮೂರು ಬೆಳೆ. ಅದಕ್ಕಿಂತ ಮೇಲಿನ ಮಜಲಿನಲ್ಲಿ ಎರಡು. ಬೆಟ್ಟು ಗದ್ದೆಗೆ ಮಳೆಗಾಲದ ಏಣೆಲು ಒಂದೇ. ಈ ಮೂರು ಬಗೆಯ ನೆಲವನ್ನು ಬುಕಾನನ್ ಬರೆದುಕೊಂಡಿದ್ದಾನೆ. 1894ರಲ್ಲಿ ಬಂದ ಜೆ. ಸ್ಟರಕ್ ಅವರ ದಕ್ಷಿಣ ಕೆನರಾ ಜಿಲ್ಲಾ ಕೈಪಿಡಿ ಅದನ್ನೇ ಕಂದಾಯದ ಲೆಕ್ಕಕ್ಕೆ ಹೊಂದಿಸಿ ವಿವರಿಸುತ್ತದೆ. ವರ್ಗ ಜಮೀನಿನ, ಅಂದರೆ ಕಂದಾಯ ಕಟ್ಟುವ ಹಿಡುವಳಿಯ, ಅಂಚಿನಿಂದ 100 ಗಜದವರೆಗಿನ ಸರ್ಕಾರಿ ನೆಲದಲ್ಲಿ ಸೊಪ್ಪು, ಸೌದೆ ತರುವ ಕುಮ್ಕಿ ಹಕ್ಕು ಇಂದಿಗೂ ಜಿಲ್ಲೆಯ ತಾಲ್ಲೂಕು ಕಚೇರಿಗಳಲ್ಲಿ ಬಿಸಿಬಿಸಿ ಚರ್ಚೆಯ ವಿಷಯ. ಅದರ ಬೇರು ಹುಡುಕುವವರು ಆ ಕಾಲದ ಬರಹಗಳಿಗೇ ಹೋಗಬೇಕು.

ಇಷ್ಟಾದರೂ ಕೈಪಿಡಿ ಬರೆದದ್ದು ತೀರ್ವೆಯ ಕಣ್ಣಿನಿಂದ. ಅದಕ್ಕೆ ಪಟ್ಟಾದಾರ ಕಾಣುತ್ತಾನೆ. ಕೆಸರಿನಲ್ಲಿ ನಿಂತವನು ಮಸುಕು. ಆ ಕೊರತೆ ತುಂಬಿದ್ದು ಇತಿಹಾಸಕಾರರಲ್ಲ, ಶಿವರಾಮ ಕಾರಂತರು. ‘ಚೋಮನ ದುಡಿ’ ಬಂದದ್ದು 1933ರಲ್ಲಿ. ಜೀವನವೆಲ್ಲ ಧಣಿಯ ಗದ್ದೆಯಲ್ಲಿ ದುಡಿದ ಚೋಮನಿಗೆ ಸ್ವಂತಕ್ಕೊಂದು ತುಂಡು ಗದ್ದೆ ಬೇಕು. ಹುಟ್ಟಿದ ಜಾತಿ ಅದಕ್ಕೆ ಅಡ್ಡ. ಬೈಲು, ಮಜಲು, ಬೆಟ್ಟುಗಳ ವರ್ಗೀಕರಣ ಓದಿದ ಕೂಡಲೇ ಈ ಕಾದಂಬರಿ ಓದಬೇಕು ಎಂಬುದು ನನ್ನ ಒತ್ತಾಯ. ನೆಲದ ಬೆಲೆ ಎಷ್ಟೆಂದು ಒಂದು ಹೇಳಿದರೆ, ಅದು ಯಾರಿಗೆ ದಕ್ಕಲಿಲ್ಲ ಎಂದು ಇನ್ನೊಂದು ಹೇಳುತ್ತದೆ. ಕೋಡಿಯ ಕಡೆಯ, ಕಡಲು ಮತ್ತು ಹೊಳೆಯ ನಡುವಿನ ಸಪುರ ನೆಲದ ಬದುಕನ್ನು ಅವರದೇ ‘ಮರಳಿ ಮಣ್ಣಿಗೆ’ ಮೂರು ತಲೆಮಾರಿನುದ್ದಕ್ಕೂ ಹೇಳಿತು. ಅದು ಮಂಗಳೂರಿನಿಂದ ಉತ್ತರಕ್ಕೆ ದೂರವೇ, ಆದರೆ ಕಡಲು ಅದೇ.

ನಮ್ಮವರೇ ಬರೆದ ಇತಿಹಾಸಕ್ಕೆ ದೊಡ್ಡ ಪರಂಪರೆಯಿದೆ. ಗಣಪತಿ ರಾವ್ ಐಗಳರು ಕನ್ನಡದಲ್ಲಿ ಜಿಲ್ಲೆಯ ಪ್ರಾಚೀನ ಇತಿಹಾಸ ಬರೆದರು, ಭಾಸ್ಕರ ಆನಂದ ಸಾಲೆತ್ತೂರರು 1936ರಲ್ಲಿ ತುಳುವ ಇತಿಹಾಸವನ್ನು ಇಂಗ್ಲಿಷಿನಲ್ಲಿ ಕೊಟ್ಟರು, ಶಾಸನತಜ್ಞ ಕೆ. ವಿ. ರಮೇಶ್ ಅವರ ಗ್ರಂಥ 1970ರಲ್ಲಿ ಬಂತು. ಇವರೆಲ್ಲರ ನಡುವೆ ನನ್ನ ಮನಸ್ಸು ಮತ್ತೆ ಮತ್ತೆ ಹೋಗುವುದು ಪಿ. ಗುರುರಾಜ ಭಟ್ಟರ ಕಡೆಗೆ. ಕಲ್ಯಾಣಪುರದ ಕಾಲೇಜಿನಲ್ಲಿ ಪ್ರಾಂಶುಪಾಲರಾಗಿದ್ದ ಅವರು ದೇವಸ್ಥಾನದಿಂದ ದೇವಸ್ಥಾನಕ್ಕೆ ತಿರುಗಿ, ಗರ್ಭಗುಡಿಯ ಮೂರ್ತಿಯ ಶೈಲಿ, ಕಟ್ಟಡದ ಬಗೆ ನೋಡಿ ಕಾಲ ನಿರ್ಣಯಿಸುತ್ತ ಹೋದರು. 1975ರ ಅವರ ಬೃಹತ್ ಗ್ರಂಥದ ಹಿಂದೆ ಆ ತಿರುಗಾಟದ ಬೆವರಿದೆ. ಅವರ ಕೆಲವು ಕಾಲನಿರ್ಣಯಗಳನ್ನು ವಿದ್ವಾಂಸರು ಒಪ್ಪದಿರಬಹುದು. ಆ ತಿರುಗಾಟಕ್ಕೆ ಬದಲಿ ಇಲ್ಲ. ಮೂರ್ತಿಯೊಂದು ಎಷ್ಟು ಹೇಳಬಲ್ಲದು ಎಂಬುದಕ್ಕೆ ಕದ್ರಿಯ ಮಂಜುನಾಥ ದೇವಸ್ಥಾನದ ಲೋಕೇಶ್ವರನೇ ಸಾಕು. ಪೀಠದ ಮೇಲಿನ ಬರಹದಂತೆ ಆಳುಪ ಅರಸ ಕುಂದವರ್ಮ ಕ್ರಿ.ಶ. 968ರಲ್ಲಿ ಅದನ್ನು ಪ್ರತಿಷ್ಠಾಪಿಸಿದ. ಮೂರು ಮುಖ, ಆರು ಕೈಯ ಆ ಕಂಚಿನ ವಿಗ್ರಹ ಶಿವಾಲಯದಲ್ಲಿದೆ. ಅದರ ಲಕ್ಷಣಗಳು ಬೌದ್ಧರವೆಂದು ಹಲವು ವಿದ್ವಾಂಸರ ಮತ.

ಅದಾಗಿ ಇನ್ನೂರು ವರ್ಷ ಕಳೆಯುವ ಮುಂಚೆ ಇದೇ ಊರಲ್ಲಿ ಟುನೀಶಿಯಾ ಮೂಲದ ಯಹೂದಿ ವ್ಯಾಪಾರಿ ಅಬ್ರಹಾಂ ಬೆನ್ ಯಿಜು ಮನೆ ಮಾಡಿಕೊಂಡಿದ್ದ. ಅವನ ಪತ್ರಗಳು ಕೈರೋದ ಸಿನಗಾಗ್‌ನ ಗೆನಿಜಾದಲ್ಲಿ, ಹಳೆಯ ಕಾಗದ ಹಾಕುವ ಕೋಣೆಯಲ್ಲಿ, ಉಳಿದವು. ಎಸ್. ಡಿ. ಗಾಯ್ಟೈನ್ ಅವುಗಳನ್ನು ಓದಿ ವಿದ್ವಲ್ಲೋಕಕ್ಕೆ ತಂದರು. ಅಮಿತಾವ್ ಘೋಷ್ 1992ರ ‘ಇನ್ ಆ್ಯನ್ ಆ್ಯಂಟಿಕ್ ಲ್ಯಾಂಡ್’ನಲ್ಲಿ ಕತೆಯಾಗಿ ಹೇಳಿದರು. ಏಡನ್ನಿನ ವ್ಯಾಪಾರಿಗಳು ಒಡೆದ ಪಾತ್ರೆ, ತಾಮ್ರ ಕಳಿಸಿ ಇಂತಿಂಥ ಹೊಸ ಪಾತ್ರೆ ಮಾಡಿಸಿಕೊಡು ಎಂದು ಅವನಿಗೆ ಬರೆಯುತ್ತಿದ್ದರು; ಇಲ್ಲಿಂದ ಅಡಿಕೆ, ಕಾಳುಮೆಣಸು, ಏಲಕ್ಕಿ ಹೋಗುತ್ತಿತ್ತು. ಅವನ ಕೆಲಸದಾಳಿನ ಹೆಸರು ಬೊಮ್ಮ ಎಂಬ ನಿರ್ಣಯಕ್ಕೆ ಬರುವಲ್ಲಿ ನಮ್ಮ ಜಾನಪದ ವಿದ್ವಾಂಸ ಬಿ. ಎ. ವಿವೇಕ ರೈ ಅವರ ನೆರವು ಘೋಷ್‌ರಿಗೆ ಸಿಕ್ಕಿತು. ಅರಸರ ಶಾಸನಗಳಲ್ಲಿ ಕಾಣದ ಒಬ್ಬ ಆಳು ಎಂಟು ಶತಮಾನದ ಮೇಲೆ ಪುಸ್ತಕದ ನಾಯಕನಾಗುತ್ತಾನಲ್ಲ, ಇದನ್ನು ಓದಿದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ.

ಈಚಿನ ಕಾಲದ ಕಡೆ ಬಂದರೆ ಕಪಾಟು ನನಗೆ ತೆಳ್ಳಗೆ ಕಾಣುತ್ತದೆ. 1865ರಲ್ಲಿ ಬಾಸೆಲ್ ಮಿಶನ್ ಜೆಪ್ಪುವಿನಲ್ಲಿ ಹಂಚಿನ ಕಾರ್ಖಾನೆ ತೆರೆದ ಮೇಲೆ ಹೊಳೆದಂಡೆಯ ಜೇಡಿ ಮಣ್ಣು ದೇಶ ವಿದೇಶಗಳ ಮಾಡುಗಳನ್ನು ಹೊದೆಯಿತು. ಆ ಮಣ್ಣು ಹೊತ್ತವರ ಕತೆ ಇನ್ನೂ ವಿವರವಾಗಿ ಬರಬೇಕು. 1970ರ ದಶಕದಲ್ಲಿ ಪಣಂಬೂರಿನಲ್ಲಿ ಹೊಸ ಬಂದರು ಎದ್ದ ಮೇಲೆ ಹಳೆ ಬಂದರು ಕಂಡ ಬದಲಾವಣೆಯೂ ಹಾಗೆಯೇ. ಇವೆಲ್ಲಕ್ಕಿಂತ ತುರ್ತಿನದು ನೇತ್ರಾವತಿಯ ನೆರೆ. 1923ರದ್ದು ಮತ್ತು 1974ರದ್ದು ಬಂಟ್ವಾಳ, ಪಾಣೆಮಂಗಳೂರು ಕಡೆಯ ಮನೆಮನೆಯ ಮಾತು. ತುಳುವಿನಲ್ಲಿ ಅದು ಮಾರಿ ಬೊಳ್ಳ. 1923ರದ್ದನ್ನು ಕಂಡವರು ಹೋದರು. 1974ರದ್ದನ್ನು ಕಂಡವರು ನಮ್ಮ ನಡುವೆಯೇ ಇದ್ದಾರೆ. ನೀರು ಯಾವ ಮೆಟ್ಟಿಲವರೆಗೆ ಬಂತು, ಯಾರ ದೋಣಿ ಯಾರನ್ನು ದಾಟಿಸಿತು, ಯಾವ ಗದ್ದೆಯ ಮೇಲೆ ಎಷ್ಟು ಹೊಯಿಗೆ ಕೂತಿತು ಎಂದು ಅವರ ಬಾಯಿಂದ ಕೇಳಿ ಬರೆದುಕೊಳ್ಳಲು ಕಾಲೇಜುಗಳ ಇತಿಹಾಸ ವಿಭಾಗಗಳು ಈ ಮಳೆಗಾಲದಲ್ಲೇ ಹುಡುಗರನ್ನು ಹಳ್ಳಿಗಳಿಗೆ ಕಳಿಸಬೇಕು.